ಮೊರಗಿವಿ

ಹೊಸ ಮೊರಕ್ಕೆ ಬಳಿದ ಮೆಂತ್ಯದ ವಾಸನೆ ಬಂದರೆ ಈಗಲೂ ನನ್ನ ಕೈ ಕಿವಿಗೆ ಹೋಗುತ್ತದೆ.

ರಾಯದುರ್ಗ ಮದರಾಸು ಪ್ರಾಂತ್ಯದಲ್ಲಿದ್ದ ಕಾಲವದು. ಸೋದರಮಾವ ಸಂತೆಯಲ್ಲಿ, ಕುರಿ ಕೊಳ್ಳಲು ಬಂದವರೆದುರು, ನನ್ನನ್ನು ‘ಮೊರಗಿವಿ’ ಎಂದು ಕರೆದ. ನಕ್ಕವರ ಮುಖಗಳೆಲ್ಲ ನನಗೆ ನೆನಪಿವೆ. ಅಳುತ್ತ ಮನೆಗೆ ಬಂದು, ಮೊರಕ್ಕೆ ಮೆಂತ್ಯದ ಹಿಟ್ಟು ಬಳಿಯುತ್ತಿದ್ದ ಅಜ್ಜಿಗೆ ದೂರು ಹೇಳಿದೆ.

“ಆ ಹೆಸರಿಟ್ಟಾಕಿ ನಾನ,” ಎಂದಳು ಅಜ್ಜಿ. “ನಿನಗಿಂತ ಮುಂಚೆ ಎರಡು ಕೂಸು ಉಳೀಲಿಲ್ಲ. ಅದಕ್ಕ ನಿನ್ನ ಮೊರದಾಗ ಮಲಗಿಸಿ, ಯಾರ ಕಣ್ಣೂ ಬೀಳಬಾರ್ದಂತ ಹಂಗ ಕರೆದೆ.”

“ಹಂಗಾರ ನನ್ನ ಕಿವಿ ದೊಡ್ಡವಲ್ಲೇನು?”

ಅಜ್ಜಿ ಒದ್ದೆ ಬೆರಳುಗಳಿಂದ ನನ್ನ ಎರಡೂ ಕಿವಿ ಹಿಡಿದು ನೋಡಿದಳು. “ದೊಡ್ಡವೂ ಅದಾವ.”

ಮಾವನನ್ನು ನಾನು ಇಂದಿಗೂ ಕ್ಷಮಿಸಿಲ್ಲ. ಆದರೆ ಆ ಸಂಜೆ ಅಜ್ಜಿ ‘ಮೊರಗಿವಿ’ ಎಂದು ಊಟಕ್ಕೆ ಕರೆದಾಗ, ಇನ್ನೊಮ್ಮೆ ಕರೆಯಲಿ ಎಂದು ಸುಮ್ಮನೆ ಕುಳಿತಿದ್ದೆ.