ಬೇಲಿಯಾಚೆಯ ಹೆಸರು

"ಬೇಲಿಯಾಚೆಯ ಹೆಸರು ಒಂದೂ ನಿನ್ನ ಬಾಯಿಗೆ ಬರಬಾರ್ದು," ಎಂದು ಸೋವಿಯತ್ ಗಡಿ ಅಧಿಕಾರಿ ಎರಡನೆಯ ಸಲ ಹೇಳಿದ. "ಬಂತೋ, ಹೆಣ ಗುಂಡಿಗೆ, ನೀನು ನನ್ನ ಜೀಪಿಗೆ." ಯುದ್ಧದಲ್ಲಿ ಬುಡಾಪೆಸ್ಟಿನವರೆಗೂ ನಡೆದು ಬಂದವನು ಅವನು, ನಮ್ಮ ಭಾಷೆಯಲ್ಲಿ ಹೆದರಿಸುವಷ್ಟನ್ನು ಚೆನ್ನಾಗಿಯೇ ಕಲಿತಿದ್ದ. ಚರ್ಚಿನ ಹಾಡುಗಾರ ಅಂಬ್ರುಷ್ ತಲೆಯಾಡಿಸಿದ.

ಗೆರ್ಗೆಯ್‌ನ ಶವಪೆಟ್ಟಿಗೆ ಅಂಗಳದಲ್ಲಿ ಎರಡು ಬೆಂಚುಗಳ ಮೇಲಿತ್ತು. ಸುತ್ತ ಊರಿಗೆ ಊರೇ ನೆರೆದಿತ್ತು, ಅಂದರೆ ಈಚೆಯ ಅರ್ಧ ಊರು. ಯುದ್ಧ ಮುಗಿದ ಮೇಲೆ ದೊಡ್ಡ ಮನುಷ್ಯರು ಎಲ್ಲೋ ಕೂತು ನಕ್ಷೆಯ ಮೇಲೆ ಗೆರೆ ಎಳೆದರು; ನಮ್ಮ ಬೀದಿಯ ನಟ್ಟನಡುವೆ ಮುಳ್ಳುತಂತಿ ಎದ್ದಿತು. ಈಚೆಯ ಸಾಲು ಸೋವಿಯತ್ ದೇಶವಂತೆ, ಆಚೆಯ ಸಾಲು ಚೆಕೊಸ್ಲೊವಾಕಿಯಾ ಅಂತೆ. ಎರಡೂ ಕಡೆ ಇರುವವರು ಹಂಗೇರಿ ಮಾತಾಡುವ ನಾವೇ, ಬೀಗರು, ನೆಂಟರು. ಆಚೆಯವರೊಂದಿಗೆ ಒಂದು ಮಾತಾಡಿದರೂ ಜೈಲು. ಎದುರು ಮನೆಯ ಅಂಗಳದಲ್ಲಿ ತಲೆಗೆ ಕಪ್ಪು ವಸ್ತ್ರ ಕಟ್ಟಿಕೊಂಡು ನಿಂತಿದ್ದವಳು ಪಿರೋಷ್ಕಾ, ಗೆರ್ಗೆಯ್‌ನ ಒಬ್ಬಳೇ ಮಗಳು. ಕಣ್ಣೆದುರಿಗೇ ಇರಲಿ ಎಂದು ಎದುರು ಮನೆಗೆ ಕೊಟ್ಟಿದ್ದರು.

ನಮ್ಮಲ್ಲಿ ಸತ್ತವರು ಹೇಳದೆ ಕೇಳದೆ ಹೋಗುವುದಿಲ್ಲ. ಹೆಣ ಎತ್ತುವ ಮುಂಚೆ ಹಾಡುಗಾರ ಪೆಟ್ಟಿಗೆಯ ತಲೆಯ ಕಡೆ ನಿಂತು, ಸತ್ತವನೇ ತಾನಾಗಿ, ಒಬ್ಬೊಬ್ಬರನ್ನೂ ಹೆಸರು ಹಿಡಿದು ಕರೆಯುತ್ತಾನೆ: ನಾನು ಹೊರಟೆ, ತಪ್ಪಾಗಿದ್ದರೆ ಕ್ಷಮಿಸು. ಕರೆಸಿಕೊಂಡವರು 'ಕ್ಷಮಿಸಿದೆ' ಎನ್ನಬೇಕು. ಯಾರ ಹೆಸರು ಬರಲಿಲ್ಲವೋ, ಅವರ ಮೇಲಿನ ಸಿಟ್ಟನ್ನು ಹೊತ್ತುಕೊಂಡೇ ಹೋದ ಎಂದು ಲೆಕ್ಕ.

ಪಿರೋಷ್ಕಾಳಿಗೆ ಬೇಕಾಗಿದ್ದದ್ದು ಆ ಒಂದು ಕರೆ. ಬೇಲಿ ಹಾಕುವ ಹಿಂದಿನ ಸಂಜೆ, ಪ್ಲಮ್ ಹಣ್ಣಿನ ಸಾರಾಯಿ ಕಾಯಿಸುವ ಅಳಿಯನ ತಾಮ್ರದ ಹಂಡೆ ಕಾಣೆಯಾಗಿ ಮಾವನಿಗೂ ಅಳಿಯನಿಗೂ ಜಗಳವಾಗಿತ್ತು. ಗಂಡನ ಪರ ಮಾತಾಡಿದ ಮಗಳಿಗೆ ಗೆರ್ಗೆಯ್, "ಇನ್ನು ನನ್ನ ಹೊಸ್ತಿಲು ತುಳೀಬೇಡ" ಎಂದುಬಿಟ್ಟಿದ್ದ. ಬೆಳಗಾಗುವಷ್ಟರಲ್ಲಿ ಸೈನಿಕರು ಬೀದಿಯಲ್ಲಿ ಕಂಬ ನೆಡುತ್ತಿದ್ದರು. ಕೋಪದಲ್ಲಿ ಕೊಯ್ದ ಮೂಗು ಶಾಂತವಾದ ಮೇಲೆ ಬಂದೀತೇ?

ಅಂಬ್ರುಷ್ ಶುರು ಮಾಡಿದ. ಗೆರ್ಗೆಯ್‌ನ ಹೆಂಡತಿ ಎಸ್ತೆರ್‌ಳನ್ನು ಕರೆದ. "ಕ್ಷಮಿಸಿದೆ," ಎಂದಳು ಅವಳು. ತಮ್ಮನನ್ನು ಕರೆದ, ನಾದಿನಿಯನ್ನು ಕರೆದ, ಪಕ್ಕದ ಮನೆಯವರನ್ನು ಕರೆದ. ಅಧಿಕಾರಿಯ ಕಡೆ ಒಮ್ಮೆ ನೋಡಿ, "ಊರಿನ ಸಮಸ್ತರೇ" ಎಂದು ಮುಗಿಸಲು ಹೊರಟ. ಆಚೆಯ ಅಂಗಳದಲ್ಲಿ ಪಿರೋಷ್ಕಾ ಎರಡೂ ಕೈಯಲ್ಲಿ ಬಾಯಿ ಮುಚ್ಚಿಕೊಂಡಳು.

"ಏ ಅಂಬ್ರುಷ್," ಎಂದಳು ಎಸ್ತೆರ್, "ನನ್ನ ಗಂಡ ಇನ್ನೂ ಮುಗಿಸಿಲ್ಲ."

"ಎಸ್ತೆರಕ್ಕಾ, ನನಗೂ ಮಕ್ಕಳಿದಾವೆ," ಎಂದು ಅವನು ಪಿಸುಗುಟ್ಟಿದ.

"ಇವನಿಗೂ ಒಬ್ಬಳಿದಾಳೆ. ಸರ್ಕೋ ಆಚೆಗೆ."

ಆ ಜಾಗದಲ್ಲಿ ಹೆಂಗಸೊಬ್ಬಳು ನಿಂತದ್ದನ್ನು ನಮ್ಮೂರು ಯಾವತ್ತೂ ಕಂಡಿರಲಿಲ್ಲ. ಎಸ್ತೆರ್ ನಿಂತಳು, ಬೇಲಿಗೆ ಮುಖ ಕೊಟ್ಟು. ಹೊಲದಲ್ಲಿ ಕೂಗಿ ಪಳಗಿದ ಗಂಟಲು ಅವಳದು.

"ಪಿರೋಷ್ಕಾ, ನಾನು ಕಣೇ, ನಿಮ್ಮಪ್ಪ! ಹೊಸ್ತಿಲು ತುಳೀಬೇಡ ಅಂದಿದ್ದೆ. ಹುಟ್ಟಿದಾಗಿಂದ ನನ್ನ ಒಂದು ಮಾತೂ ಕೇಳಿದವಳಲ್ಲ ನೀನು. ಆ ಹಾಳು ಮಾತೊಂದನ್ನ ಈ ಬೇಲಿ ಕೇಳಿಬಿಡ್ತು. ಹಂಡೆ ನಮ್ಮ ಕೊಟ್ಟಿಗೆಯಲ್ಲೇ ಇದೆ, ಹುಲ್ಲಿನಡಿ. ಕಳ್ಳ ನಾನೇ ಅಂತ ನಿನ್ನ ಗಂಡನಿಗೆ ಹೇಳು. ನಾನು ಹೊರಟೆ ಮಗಳೇ, ತಪ್ಪಾಯ್ತು, ಕ್ಷಮಿಸು!"

ಗೆರ್ಗೆಯ್ ಸಾಯುವಾಗ ಇಷ್ಟೆಲ್ಲ ಹೇಳಿದ್ದನೋ ಇಲ್ಲವೋ ಆ ದೇವರಿಗೇ ಗೊತ್ತು; ಬದುಕಿದ್ದಾಗಂತೂ ತಪ್ಪಾಯಿತು ಎಂಬ ಮಾತನ್ನು ಅವನ ಬಾಯಲ್ಲಿ ಯಾರೂ ಕೇಳಿರಲಿಲ್ಲ. ಪಿರೋಷ್ಕಾ ತಂತಿಯ ಕಡೆಗೆ ಓಡಿ ಬಂದಳು. ಆಚೆಯ ಕಾವಲಿನವನು ಬಂದೂಕು ಅಡ್ಡ ಹಿಡಿದ. ಅವಳು ಅಲ್ಲಿಂದಲೇ ಕೂಗಿದಳು: "ಕ್ಷಮಿಸಿದೆ ಅಪ್ಪಾ! ನನ್ನನ್ನೂ ಕ್ಷಮಿಸು!" ಅವಳ ಹಿಂದೆ ಅವಳ ಗಂಡ ಕೂಗಿದ. ಆಮೇಲೆ ಆಚೆಯ ಸಾಲಿನ ಒಂದೊಂದೇ ಅಂಗಳದಿಂದ, ಗಂಡಸರು, ಹೆಂಗಸರು, ಹಾಸಿಗೆ ಹಿಡಿದ ಮುದುಕರು ಕೂಡ ಕಿಟಕಿಯಿಂದ ಕೂಗತೊಡಗಿದರು: "ಕ್ಷಮಿಸಿದೆವು, ಗೆರ್ಗೆಯ್! ಹೋಗಿ ಬಾ!"

ಅಧಿಕಾರಿಯ ಕುತ್ತಿಗೆ ಕೆಂಪೇರಿತು. ಅವನು ಪಿಸ್ತೂಲಿನ ಮೇಲೆ ಕೈಯಿಟ್ಟು ಅಂಗಳದ ಮಧ್ಯಕ್ಕೆ ಬಂದ. "ಯಾರು? ಗಡಿಯಾಚೆ ಮಾತಾಡಿದ್ದು ಯಾರು?"

ಎಸ್ತೆರ್ ಪೆಟ್ಟಿಗೆಯ ಮೇಲೆ ಅಂಗೈ ಬಡಿದಳು. "ಇವನು. ಹಿಡ್ಕೊಂಡು ಹೋಗು."

"ನನ್ನ ಹತ್ರ ತಮಾಷೇನಾ ಅಜ್ಜಿ? ಹೆಣ ಎಲ್ಲಾದ್ರೂ ಮಾತಾಡುತ್ತಾ?"

"ಬದುಕಿರೋರ ಬಾಯೆಲ್ಲ ನೀವು ಮುಚ್ಚಿಸಿದ್ದಾಯ್ತು," ಎಂದಳು ಎಸ್ತೆರ್. "ಇನ್ನು ಮಾತಾಡೋಕೆ ಉಳಿದಿರೋರು ಯಾರಪ್ಪಾ?"