ನಡುವಿನ ಸದ್ದು

ಅಂಗಡಿಯ ಹಿಂದಿನ ಮೈದಾನದಲ್ಲಿ ಎರಡು ಗುಂಡುಗಳು ಒಂದರ ಬೆನ್ನಿಗೊಂದು ಹಾರಿದವು. ನಡುವೆ ಬರಬೇಕಾಗಿದ್ದ ಖಟ್ ಅನ್ನುವ ಸದ್ದು ಬರಲೇ ಇಲ್ಲ. ಬಂದೂಕು ರಿಪೇರಿಯ ಮುದುಕ ಕೈಲಿದ್ದ ಅರ ಕೆಳಗಿಟ್ಟ.

ಅಲ್ಲಿ ಗುರಿ ಹೊಡೆಯುತ್ತಿದ್ದವನು ಅಳಿಯನೊಬ್ಬನೇ. ಬಂದೂಕು ಮೂಲತಃ ಮಿಲಿಟರಿಯದು. ಮದುವೆಯಾದ ವರ್ಷ ಅವನು ಹಟ ಹಿಡಿದು ಕೊಂಡದ್ದು. ಅದನ್ನು ಕಾನೂನಿಗೆ ತಕ್ಕಂತೆ ತಿದ್ದಿದವನು ಮುದುಕನೇ. ಮುಂದಿನ ಗುಂಡು ತಾನಾಗಿ ತುಂಬಿಕೊಳ್ಳುವುದನ್ನು ನಿಲ್ಲಿಸಿ, ಪ್ರತಿ ಸಲವೂ ಕೈಯಿಂದ ಹಿಡಿ ಎಳೆಯಲೇಬೇಕು ಅನ್ನುವಂತೆ ಮಾಡಿದ್ದ. ಎಳೆದಾಗಲೆಲ್ಲ ಖಟ್ ಎನ್ನುತ್ತಿತ್ತು. ಅಳಿಯನಿಗೋ ಸಿಟ್ಟು ಮೂಗಿನ ತುದಿಯಲ್ಲೇ. ಅಂಥವನಿಗೆ ಹಿಡಿ ಎಳೆಯುವಷ್ಟು ಹೊತ್ತಾದರೂ ಯೋಚಿಸಲು ಸಿಗಲಿ ಎಂದು ಮುದುಕ ಅದನ್ನು ಬೇಕೆಂದೇ ಬಿಗಿಯಾಗಿ ಕೂರಿಸಿದ್ದ. ಈ ಮಾತನ್ನು ಯಾರ ಹತ್ತಿರವೂ ಆಡಿರಲಿಲ್ಲ.

ಮತ್ತೆ ಮೂರು ಗುಂಡು, ಒಂದೇ ಉಸಿರಿಗೆ.

"ಅವ್ರು ಅದನ್ನ ಯಾರ ಹತ್ರಾನೋ ಬಿಚ್ಚಿಸಿ ಮೊದಲಿನ ಹಾಗೆ ಮಾಡಿಸ್ಕೊಂಡ್ರು, ಅಪ್ಪ," ಎಂದಳು ಗಂಡನ ಜೊತೆ ಬಂದು ಅಂಗಡಿಯಲ್ಲಿ ಕೂತಿದ್ದ ಮಗಳು, ಚೀಲ ಹೆಗಲಿಗೇರಿಸುತ್ತಾ. "ನಿನ್ ಮುಂದೆ ಬಾಯಿ ಬಿಡ್ಬೇಡ ಅಂದಿದ್ರು. ಹೊರಡ್ತೀನಿ, ಕಾಯ್ಸಿದ್ರೆ ರೇಗ್ತಾರೆ."

ಮುದುಕ ಅವಳ ಹೆಗಲಿನಿಂದ ಚೀಲ ತೆಗೆದು ಒಳಕೋಣೆಯ ಮೊಳೆಗೆ ನೇತುಹಾಕಿದ. ಮೈದಾನದ ಕಡೆಯ ಬಾಗಿಲಿಗೆ ಚಿಲಕ ಹಾಕಿ ಬಂದ.

"ಇವತ್ತಿಂದ ನೀನು ಇಲ್ಲೇ ಇರು," ಎಂದ.

ಮಗಳು ಚಪ್ಪಲಿ ಬಿಚ್ಚಿಟ್ಟು ಒಳಕೋಣೆಗೆ ಹೋದಳು.