ಡ್ಯಾಂಡಿನಾಂಗ್‌ನಲ್ಲಿ ಮುಹೂರ್ತ

“ಕಟ್! ಕೋಟು ಬೇಡ, ಬ್ರದರ್. ಸಫರಿಂಗ್ ಬೇಕು ನಂಗೆ, ಸಫರಿಂಗ್!”

ಗುರುದತ್ತ ಕ್ಯಾಮೆರಾದ ಮುಂದೆ ನುಗ್ಗಿ ಡೆಂಗ್‌ನ ಕೋಟನ್ನು ತನ್ನ ಕೈಯಾರೆ ಕಳಚಿದ. ಡೆಂಗ್ ಸುಡಾನ್‌ನಿಂದ ಬಂದು ಮೆಲ್ಬರ್ನ್‌ನ ಈ ಡ್ಯಾಂಡಿನಾಂಗ್ ಬಡಾವಣೆಯಲ್ಲಿ ಅಕೌಂಟೆಂಟ್ ಆಗಿದ್ದವನು. ದುಃಖಪಡುವುದು ಹೇಗೆಂದು ಗುರುದತ್ತನೇ ಹುಬ್ಬು ಗಂಟಿಕ್ಕಿ, ತುಟಿ ಜೋಲಿಸಿ ನಟಿಸಿ ತೋರಿಸಿದ. ಡ್ಯಾಂಡಿನಾಂಗ್‌ನ ಆಫ್ರಿಕನ್ನರಿಗೆ ಆಫ್ರಿಕನ್ನರಾಗುವುದನ್ನು ಕಲಿಸಲು ಸಿಡ್ನಿಯ ಕೆಲ್ಲಿವಿಲ್‌ನಿಂದ ಇವನೇ ಬರಬೇಕಾಯಿತು.

ಬೆಳಿಗ್ಗೆ ಮುಹೂರ್ತ ಸಾಂಗವಾಗಿ ಮುಗಿದಿತ್ತು. ಬಾಡಿಗೆ ಕ್ಯಾಮೆರಾಗೆ ಕುಂಕುಮ, ಹೂವಿನ ಹಾರ, ಕಾಯಿಯೂ ಒಡೆಯಿತು. ಇಲ್ಲಿನ ಕನ್ನಡಿಗರಲ್ಲಿ ಹಿರಿಯರಾದ ಇಂದಿರಮ್ಮ ಕ್ಯಾಮೆರಾದ ಗುಂಡಿ ಒತ್ತಿ ಚಾಲನೆ ಕೊಟ್ಟರು. ಚಪ್ಪಾಳೆ, ಕೇಸರಿಬಾತು. ಆಮೇಲೆ ಕ್ಯಾಮೆರಾ ಭಾವಮೈದ ಪ್ರತಾಪನ ಪಾಲಾಯಿತು.

“ಭಾವ, ಇದ್ರಲ್ಲಿ ಏನೇನೋ ಲೈಟು, ನಂಬರು…”

“ನೀನು ಲೈಟ್ ನೋಡ್ಬೇಡ, ನನ್ನ ಬಾಯಿ ನೋಡು. ಆಕ್ಷನ್ ಅಂದ್ರೆ ಒತ್ತು, ಕಟ್ ಅಂದ್ರೆ ಒತ್ತು. ಇಂಜಿನಿಯರಿಂಗ್ ಓದಿದ್ದೀಯ, ಅಷ್ಟೂ ಆಗಲ್ವಾ?”

ಪ್ರತಾಪ್ ಚಾಚೂ ತಪ್ಪದೆ ಒತ್ತುತ್ತ ಹೋದ.

ಸಿಡ್ನಿಯಲ್ಲಿ ನಮ್ಮವರೇ ತುಂಬಿದ್ದ ಟೂಂಗಾಬಿಯ ಅಂಗಡಿ ಅಂಗಡಿಯಲ್ಲೂ ಗುರುದತ್ತ ‘ಸ್ವತಂತ್ರ ನಿರ್ದೇಶಕ, ನಗರದ ಕಪ್ಪು ಜನರ ದನಿ’ ಎಂದು ಕಾರ್ಡು ಹಂಚಿ ವರ್ಷಗಳಾಗಿದ್ದವು. ಚಿತ್ರವೊಂದೇ ಬಾಕಿ. ಸಿಡ್ನಿಯಲ್ಲಿ ನಡೆಯಲಿದ್ದ ೨೦೦೬ರ ಕಿರುಚಿತ್ರೋತ್ಸವವೂ ಕೈತಪ್ಪಿದರೆ ಆ ಅಂಗಡಿಗಳಲ್ಲಿ ತಲೆಯೆತ್ತಿ ಕೊತ್ತಂಬರಿ ಸೊಪ್ಪು ಕೊಳ್ಳುವಂತಿರಲಿಲ್ಲ.

ಡೆಂಗ್‌ನ ತಂಗಿ ಅಚೋಲ್‌ಗೆ ಎಡಿಟಿಂಗ್ ಗೊತ್ತಿತ್ತು. ಟೇಪುಗಳನ್ನು ಅವಳ ಮಡಿಲಿಗೆ ಹಾಕಿ ಗುರುದತ್ತ ಸಿಡ್ನಿಗೆ ಹಾರಿದ. ವಾರದ ಮೇಲೆ ಅವಳ ಫೋನು ಬಂತು.

“ಸರ್, ಕಳಿಸೋ ಮುಂಚೆ ನೀವೊಮ್ಮೆ ನೋಡಿದ್ರೆ ಒಳ್ಳೇದು.”

“ನೋಡೋದೇನು? ಡೈರೆಕ್ಟ್ ಮಾಡಿದ್ದು ನಾನೇ ತಾನೆ? ಸತ್ಯ ಇದ್ದ ಹಾಗೇ ಇರ್ಲಿ. ನಿಮ್ಮ ಜನ ಅಳೋದನ್ನ ಮಾತ್ರ ತೆಗೀಬೇಡ.”

“ನಮ್ಮ ಜನ ಎಲ್ಲೂ ಅಳೋದೇ ಇಲ್ಲ, ಸರ್.”

“ಎಷ್ಟು ಸಂಕೋಚ ನಿಂಗೆ! ಕಳಿಸು, ಕಳಿಸು.”

ಚಿತ್ರ ಆಯ್ಕೆಯಾಯಿತು! ಗುರುದತ್ತ ಟೂಂಗಾಬಿಯನ್ನೇ ಎಬ್ಬಿಸಿಕೊಂಡು ಬಂದು ಚಿತ್ರಮಂದಿರದ ಎರಡು ಸಾಲು ತುಂಬಿಸಿದ. ತಾನು ಮಾತ್ರ ಬಾಗಿಲಲ್ಲೇ ನಿಂತು, ತಡವಾಗಿ ಬಂದವರ ಕೈ ಕುಲುಕುತ್ತಿದ್ದ. ದೀಪ ಆರಿತು. ತುಸು ಹೊತ್ತಿಗೆ ರೇಷ್ಮೆ ಸೀರೆಯ ನೆರಿಗೆ ಹಿಡಿದುಕೊಂಡು ಹೆಂಡತಿ ವಿಜೇತಾ ಹೊರಗೆ ಓಡಿಬಂದಳು.

“ರೀ, ಒಳಗೆ ಜನ ಬಿದ್ದು ಬಿದ್ದು ನಗ್ತಿದಾರೆ!”

“ನೋವು ಜಾಸ್ತಿ ಆದ್ರೆ ಈ ಬಿಳಿಯರು ನಗೋದೇ ಹಂಗೆ ಕಣೆ. ಕಲ್ಚರ್ ಅದು.”

“ಪ್ರೈಜ್ ಗ್ಯಾರಂಟಿ ಅಂತಿದಾರೆ ರೀ. ಕಾಮಿಡಿಗೆ.”

ಗುರುದತ್ತ ಬಾಗಿಲ ಪರದೆ ಸರಿಸಿ ಒಳಗೆ ಕಣ್ಣು ಹಾಯಿಸಿದ.

ತೆರೆಯ ತುಂಬ ತುಟಿ ಜೋಲಿಸಿಕೊಂಡು ನಿಂತಿದ್ದವನು ಅವನೇ: ಮುಹೂರ್ತದಿಂದಲೇ ಓಡುತ್ತಿದ್ದ ಕ್ಯಾಮೆರಾವನ್ನು ಪ್ರತಾಪ್ ಪ್ರತಿ ‘ಆಕ್ಷನ್’ಗೂ ನಿಲ್ಲಿಸಿ, ಪ್ರತಿ ‘ಕಟ್’ಗೂ ಓಡಿಸಿದ್ದ.